ಅರಳಿ ಕಟ್ಟೆಗೆ ಅರ್ಜಿ ಬರೆದ ಗ್ರಂಥಪಾಲಕ

ನಮ್ಮ ಕಾಲೇಜಿನ ಗ್ರಂಥಾಲಯಕ್ಕೆ ಒಬ್ಬ ಹುಡುಗ ಬರುತ್ತಾನೆ. ಗೌರಿಬಿದನೂರು ಕಡೆಯವನು, ಬಿ.ಎ. ಎರಡನೆಯ ವರ್ಷ. ಕೌಂಟರಿನ ಮೇಲೆ ಎರಡೂ ಕೈ ಊರಿ, "ಸರ್, ಆ ನೀಲಿ ರಟ್ಟಿನ ಪುಸ್ತಕ ಇದೆಯೇ?" ಎಂದು ಕೇಳುತ್ತಾನೆ. ಯಾರು ಬರೆದದ್ದು? ಗೊತ್ತಿಲ್ಲ. ಯಾವ ವಿಷಯ? "ಇತಿಹಾಸ ಇರಬೇಕು ಸರ್." 22 ವರ್ಷದಿಂದ ಈ ಕುರ್ಚಿ ಸವೆಸುತ್ತಿರುವ ನಾನು ಪ್ರತಿ ಸಲವೂ ಅವನಿಗೆ ಅದೇ ಮಂತ್ರ ಒಪ್ಪಿಸುತ್ತೇನೆ: ಲೇಖಕರ ಹೆಸರು ತಾ, ಶೀರ್ಷಿಕೆ ತಾ, ಎರಡೂ ಇಲ್ಲದಿದ್ದರೆ ಕಂಪ್ಯೂಟರಿನ ಪುಸ್ತಕಪಟ್ಟಿಯಾದ ಓಪ್ಯಾಕ್‌ನಲ್ಲಿ ಹುಡುಕಿ ಪುಸ್ತಕ ಯಾವ ಕಪಾಟಿನಲ್ಲಿದೆ ಎಂದು ಹೇಳುವ ಕಾಲ್ ನಂಬರ್ ಬರೆದುಕೊಂಡು ಬಾ. ಪುಸ್ತಕಗಳನ್ನು ವಿಷಯವಾರು ಅಂಕಿಗಳಲ್ಲಿ ವಿಂಗಡಿಸಿದ ಡ್ಯೂಯಿ, ನೀಲಿ ಬಣ್ಣಕ್ಕೆ ಸಂಖ್ಯೆ ಕೊಟ್ಟಿಲ್ಲ.

ಕಳೆದ ಸೆಪ್ಟೆಂಬರಿನಲ್ಲಿ ಕನ್ನಡ ವಿಕಿಪೀಡಿಯದ ಬಾಗಿಲಲ್ಲಿ ನಾನು ನಿಂತದ್ದು ಥೇಟ್ ಆ ಹುಡುಗನ ಹಾಗೆ. ಅವನು ಕನಿಷ್ಠ ಬಣ್ಣವನ್ನಾದರೂ ಹೇಳುತ್ತಿದ್ದ.

ಕಾಲೇಜುಗಳಿಗೆ ದರ್ಜೆ ಕೊಡುವ ನ್ಯಾಕ್ ಪರಿಶೀಲನೆ ಹತ್ತಿರ ಬಂದಾಗ ಕಾಲೇಜಿನಲ್ಲಿ ಯಾರಿಗೆ ಏನು ಹೊಳೆಯುತ್ತದೆ ಎಂದು ಹೇಳಲಾಗದು. ಹಿಂದಿನ ಸಲ ಔಷಧಿ ಸಸ್ಯಗಳ ವನ ಹೊಳೆದಿತ್ತು. ಈಗ ಅಲ್ಲಿ ಬೈಕು ನಿಲ್ಲಿಸುತ್ತೇವೆ. ಈ ಸಲ ಕಾಲೇಜಿನ ಗುಣಮಟ್ಟ ನೋಡಿಕೊಳ್ಳುವ ಐಕ್ಯೂಎಸಿ ಸಮಿತಿಯ ಸಭೆಯಲ್ಲಿ ಪ್ರಾಂಶುಪಾಲರಿಗೆ ವಿಕಿಪೀಡಿಯ ಹೊಳೆಯಿತು. ಸೆಪ್ಟೆಂಬರ್ 15, ವಿಶ್ವೇಶ್ವರಯ್ಯನವರು ಹುಟ್ಟಿದ ದಿನ, ಎಂಜಿನಿಯರುಗಳ ದಿನ. ಅವರ ಹುಟ್ಟೂರು ಮುದ್ದೇನಹಳ್ಳಿ ಚಿಕ್ಕಬಳ್ಳಾಪುರದಿಂದ ಕಾಲು ಗಂಟೆಯ ದಾರಿ. ಆ ದಿನವೇ ವಿದ್ಯಾರ್ಥಿಗಳು ಕನ್ನಡ ವಿಕಿಪೀಡಿಯವನ್ನು ಸಂಪಾದಿಸಬೇಕು, ನ್ಯಾಕ್ ಮಾನದಂಡಗಳಲ್ಲಿ ಏಳನೆಯ ಕ್ರೈಟೀರಿಯನ್‌ಗೆ ಒಂದು ಬೆಸ್ಟ್ ಪ್ರಾಕ್ಟೀಸ್ ಆಗುತ್ತದೆ, ಸ್ಥಳದ ಗುರುತು ಮೂಡುವ ಜಿಯೋಟ್ಯಾಗ್ ಫೋಟೊ ಮರೆಯಬೇಡಿ. ಸಂಪಾದನೆ ಗೊತ್ತಿರುವವರು ಯಾರು ಎಂದು ಕೇಳಿದಾಗ ಎಲ್ಲರೂ ನನ್ನ ಕಡೆ ತಿರುಗಿದರು. ಗ್ರಂಥಪಾಲಕನಿಗೆ ಗೊತ್ತಿರುತ್ತದೆ ಎಂಬ ನಂಬಿಕೆ. ನನಗೂ ಅದೇ ನಂಬಿಕೆ ಇತ್ತು ಎಂಬುದೇ ಮುಂದಿನ ಅನಾಹುತಕ್ಕೆಲ್ಲ ಮೂಲ.

ಕಾರ್ಯಾಗಾರಕ್ಕೆ ಮೂರು ದಿನ ಮೊದಲು ಖಾತೆ ತೆರೆದೆ. ಅಭ್ಯಾಸಕ್ಕೆ ಒಂದು ತಪ್ಪು ಹುಡುಕಬೇಕಿತ್ತು, ಸಿಕ್ಕಿತು ಎಂದುಕೊಂಡೆ. ನಿವೃತ್ತ ಮೇಷ್ಟರೊಬ್ಬರು ನಮಗೆ ದಾನ ಕೊಟ್ಟ ಅಂಚೆಚೀಟಿಗಳ ಆಲ್ಬಮ್ಮಿನಲ್ಲಿ ವಿಶ್ವೇಶ್ವರಯ್ಯನವರ ಚೀಟಿ ಇದೆ. ಅವರ ಜನ್ಮಶತಮಾನೋತ್ಸವಕ್ಕೆಂದು 1960ರ ಸೆಪ್ಟೆಂಬರ್ 15ರಂದು ಬಿಡುಗಡೆಯಾದದ್ದು. ಆಗ ಅವರಿನ್ನೂ ಬದುಕಿದ್ದರು. ತಮ್ಮ ಮುಖವಿರುವ ಅಂಚೆಚೀಟಿಯನ್ನು ತಾವೇ ನೋಡುವ ಯೋಗ ಎಷ್ಟು ಜನರಿಗೆ ಸಿಗುತ್ತದೆ? ವಿಕಿಪೀಡಿಯದ ಅವರ ಲೇಖನದಲ್ಲಿ ಹುಟ್ಟಿದ ವರ್ಷ 1861 ಎಂದಿತ್ತು. 1960ರಲ್ಲಿ ನೂರು ಕಳೆದರೆ 1860. ಒಂದನೆಯ ತರಗತಿಯ ಲೆಕ್ಕ. ಬದಲಾಯಿಸಿದೆ. ಆಕರ ಕೊಡಲಿಲ್ಲ, ಏಕೆ ಬದಲಾಯಿಸಿದೆ ಎಂದು ಸಾರಾಂಶದ ಪೆಟ್ಟಿಗೆಯಲ್ಲಿ ಒಂದು ಪದವನ್ನೂ ಬರೆಯಲಿಲ್ಲ. ಅಂಚೆಚೀಟಿ ನನ್ನ ಮೇಜಿನ ಮೇಲಿದೆಯಲ್ಲ, ಇನ್ನೇನು ಬೇಕು?

ಮರುದಿನ ನೋಡಿದರೆ ಮತ್ತೆ 1861. ನಾನು ಮತ್ತೆ 1860 ಮಾಡಿದೆ. ರಾತ್ರಿಯೊಳಗೆ ಮತ್ತೆ 1861. ಮನೆಯಲ್ಲಿ ಊಟದ ತಟ್ಟೆಯ ಪಕ್ಕದಲ್ಲಿ ಮೊಬೈಲ್ ಇಟ್ಟುಕೊಂಡು ಮೂರನೆಯ ಸಲವೂ ಬದಲಾಯಿಸಿದೆ. ಆಗ ನನಗೆ ಅನ್ನಿಸಿದ್ದು ಇಷ್ಟು: ಎಲ್ಲೋ ಒಂದು ಕಚೇರಿಯಿದೆ, ಅಲ್ಲಿ ಸಂಬಳ ತೆಗೆದುಕೊಳ್ಳುವ ಯಾವನೋ ಗುಮಾಸ್ತ ನನ್ನ ಕಡತವನ್ನು ಬೇಕೆಂದೇ ವಾಪಸು ಕಳಿಸುತ್ತಿದ್ದಾನೆ.

15ರ ಬೆಳಿಗ್ಗೆ ಹತ್ತೂಮುಕ್ಕಾಲಿಗೆ ಲ್ಯಾಬಿಗೆ ಹೋಗಿ ಲಾಗಿನ್ ಆದೆ. ವರ್ಷ ಯಥಾಪ್ರಕಾರ 1861. ಮೇಲೆ ಗಂಟೆಯ ಗುರುತಿನ ಪಕ್ಕದಲ್ಲಿ ಕೆಂಪಗೆ ಒಂದು ಅಂಕಿ. ಒತ್ತಿದರೆ ನನಗೊಂದು ಸಂದೇಶ. ಸ್ವಾಗತ, ಆಕರವಿಲ್ಲದೆ ಇಸವಿಗಳನ್ನು ಪದೇ ಪದೇ ಬದಲಾಯಿಸಬೇಡಿ, ಏನಾದರೂ ಹೇಳುವುದಿದ್ದರೆ ಲೇಖನದ ಚರ್ಚೆ ಪುಟದಲ್ಲಿ ಹೇಳಿ ಎಂಬರ್ಥದ ಮೂರು ಸಾಲು. ಇಂದು ಓದಿದರೆ ಅದರಲ್ಲಿ ಒಂದೂ ಬಿರುಸಾದ ಮಾತಿಲ್ಲ. ಅಂದು ನನಗೆ ಅದು ಕಾರಣ ಕೇಳುವ ನೋಟಿಸಿನಂತೆ ಕಂಡಿತು. ಉತ್ತರ ಕೊಡಲೇಬೇಕೆಂದು ಕುಳಿತೆ. ಮೇಲೆ ಎರಡು ಗುಂಡಿಗಳು, ಒಂದು ಲೇಖನದ್ದು, ಇನ್ನೊಂದು ಚರ್ಚೆಯದ್ದು. ಕೋಪದಲ್ಲಿ ಯಾವುದನ್ನು ಒತ್ತಿದೆನೋ. ಟೈಪ್ ಮಾಡಿ, ಪ್ರಕಟಿಸಿ, ವಿದ್ಯಾರ್ಥಿಗಳು ಒಳಗೆ ಬಂದದ್ದರಿಂದ ಅಷ್ಟಕ್ಕೇ ಎದ್ದೆ.

ಕಾರ್ಯಾಗಾರದ ಮೊದಲ ಹತ್ತು ನಿಮಿಷ ಚೆನ್ನಾಗಿಯೇ ನಡೆಯಿತು. 32 ವಿದ್ಯಾರ್ಥಿಗಳು, ಹದಿನೆಂಟು ಕಂಪ್ಯೂಟರುಗಳು, ಅವುಗಳಲ್ಲಿ ಜೀವವಿದ್ದವು ಹದಿನಾಲ್ಕು. ಎಲ್ಲರೂ ಖಾತೆ ತೆರೆಯಿರಿ ಎಂದೆ. ಮೊದಲ ಸಾಲಿನ ಆರು ಜನರಿಗೆ ಆಯಿತು. ಏಳನೆಯವಳು ಕೈ ಎತ್ತಿದಳು. ಎಂಟನೆಯವನೂ ಎತ್ತಿದ. ಆಮೇಲೆ ಲ್ಯಾಬಿನ ತುಂಬ ಕೈಗಳು. ಒಂದೇ ಐಪಿ ವಿಳಾಸದಿಂದ, ಅಂದರೆ ಇಂಟರ್‌ನೆಟ್ ಸಂಪರ್ಕದ ಒಂದೇ ಗುರುತಿನ ಸಂಖ್ಯೆಯಿಂದ, ಒಂದು ದಿನಕ್ಕೆ ಆರು ಖಾತೆಗಳಿಗಿಂತ ಹೆಚ್ಚು ತೆರೆಯಲು ವಿಕಿಪೀಡಿಯ ಬಿಡುವುದಿಲ್ಲ. ಯಾರೋ ಕಿಡಿಗೇಡಿ ನೂರು ಸುಳ್ಳು ಖಾತೆಗಳನ್ನು ಸೃಷ್ಟಿಸದಿರಲಿ ಎಂದು. ನಮ್ಮ ಇಡೀ ಕಾಲೇಜು ಹೊರಜಗತ್ತಿಗೆ ಒಂದೇ ಐಪಿ. ಇದು ನನಗೆ ಗೊತ್ತಿರಲಿಲ್ಲ. ಲ್ಯಾಬ್ ಅಟೆಂಡರ್‌ಗೆ ರೌಟರ್ ಆರಿಸಿ ಹಾಕಲು ಹೇಳಿದೆ. ಅವನು ಆರಿಸಿದ, ಹಾಕಿದ. ನಾಲ್ಕು ನಿಮಿಷ ಇಂಟರ್‌ನೆಟ್ ಹೋಯಿತು, ಬಂತು, ಐಪಿ ಮಾತ್ರ ಅದೇ. ಮೊಬೈಲಿನಿಂದ ತೆರೆಯಿರಿ ಎಂದೆ. ಕೆಲವರಿಗೆ ಆಯಿತು. ಇನ್ನು ಕೆಲವರ ಮೊಬೈಲ್ ಜಾಲಕ್ಕೆ ಬೇರೆ ಯಾರದೋ ತಪ್ಪಿಗಾಗಿ ಮೊದಲೇ ತಡೆ ಬಿದ್ದಿತ್ತು.

ಇದರ ನಡುವೆ ಹಿಂದಿನ ಬೆಂಚಿನಿಂದ, "ಸರ್, ನನ್ನ ಕನ್ನಡ ಒಡೆದುಹೋಗಿದೆ" ಎಂಬ ಕೂಗು. ಹೋಗಿ ನೋಡಿದೆ. 'ನುಡಿ' ತಂತ್ರಾಂಶದಲ್ಲಿ ಟೈಪ್ ಮಾಡಿದ ಸೆಮಿನಾರ್ ಪ್ರಬಂಧವನ್ನು ಹಾಗೆಯೇ ತಂದು ಅಂಟಿಸಿದ್ದಾನೆ. ಎಲ್ಲ ಕಂಪ್ಯೂಟರುಗಳಿಗೂ ಅರ್ಥವಾಗುವ ಯೂನಿಕೋಡ್ ಸಂಕೇತದಲ್ಲಿಲ್ಲದ ಹಳೆಯ 'ನುಡಿ' ಅಕ್ಷರಗಳು ವಿಕಿಗೆ ಬಂದರೆ ವೇಷ ಕಳಚುತ್ತವೆ: ಕಿರೀಟ ಇಟ್ಟುಕೊಂಡ ಇಂಗ್ಲಿಷ್ 'ಎ'ಗಳ ಸಾಲು, ನಡುವೆ ಅಲ್ಲಲ್ಲಿ ಬ್ರಿಟಿಷರ ಪೌಂಡ್ ಗುರುತು. 'ಕನ್ನಡ' ಎಂದು ಬರೆದ ಕಡೆಯೆಲ್ಲ ಪೌಂಡ್. ಹುಡುಗ ಗಾಬರಿಯಾಗಿದ್ದ. ನಾನು ಅವನಿಗಿಂತ ಗಾಬರಿಯಾಗಿದ್ದೆ, ಆದರೆ ಗ್ರಂಥಪಾಲಕನ ಮುಖ ಹಾಕಿಕೊಂಡು ಕನ್ವರ್ಟರ್ ಹುಡುಕುತ್ತಿದ್ದೆ. ಆಗಲೇ ಬಾಗಿಲು ತೆರೆದು ಪ್ರಾಂಶುಪಾಲರು ಮುಖ್ಯ ಅತಿಥಿಗಳೊಂದಿಗೆ ಒಳಗೆ ಬಂದರು. ಅತಿಥಿಗಳು ನೀರಾವರಿ ಇಲಾಖೆಯಿಂದ ನಿವೃತ್ತರಾದ ಎಂಜಿನಿಯರ್. ಗಂಟೆ ಹನ್ನೊಂದೂ ನಲವತ್ತು.

"ಮೊದಲು ಸರ್ ಎಂ.ವಿ. ಅವರ ಪುಟವನ್ನೇ ತೋರಿಸಿ" ಎಂದರು ಪ್ರಾಂಶುಪಾಲರು.

ಪ್ರೊಜೆಕ್ಟರಿನಲ್ಲಿ ಪುಟ ತೆರೆದೆ. ಅತಿಥಿಗಳು ಕನ್ನಡಕ ಸರಿಮಾಡಿಕೊಂಡು ಓದತೊಡಗಿದರು. ನಿಧಾನವಾಗಿ ಕೆಳಗೆ ಸರಿಸಿದೆ. ಹುಟ್ಟಿದ ಊರು ಬಂತು, ತಂದೆ ತಾಯಿ ಬಂದರು, ಅದರ ಕೆಳಗೆ ಗೋಡೆಯ ತುಂಬ ಅಕ್ಷರಗಳಲ್ಲಿ ಇದು ಬಂತು:

"ಸ್ವಾಮಿ, ನಾನು 22 ವರ್ಷದಿಂದ ಗ್ರಂಥಪಾಲಕ. ನನಗೆ ಇಸವಿ ಹೇಳಿಕೊಡಲು ತಾವು ಯಾರು? ಅಂಚೆಚೀಟಿ ನನ್ನ ಕೈಯಲ್ಲಿದೆ. ಪದೇ ಪದೇ ಅಳಿಸುವ ದುರಭ್ಯಾಸ ಬಿಡಿ."

ಕೆಳಗೆ ನನ್ನ ಪೂರ್ತಿ ಹೆಸರು, ಹುದ್ದೆ, ಕಾಲೇಜು.

ಎಷ್ಟು ಹೊತ್ತು ಅದು ಗೋಡೆಯ ಮೇಲಿತ್ತೋ ಗೊತ್ತಿಲ್ಲ. ಫ್ಯಾನಿನ ಸದ್ದು ಕೇಳುತ್ತಿತ್ತು. ಮೌಸ್ ನನ್ನ ಕೈಯಲ್ಲೇ ಇದ್ದರೂ ಅದನ್ನು ಸರಿಸಬೇಕೆಂದು ತೋಚಲಿಲ್ಲ. ಅತಿಥಿಗಳು ಕೊನೆಯವರೆಗೂ ಓದಿ, ಬಹಳ ಮರ್ಯಾದೆಯಿಂದ, "ಇದು ಅವರ ಬಾಲ್ಯದ ಭಾಗವೇ?" ಎಂದರು. ಪ್ರಾಂಶುಪಾಲರು ಏನೂ ಹೇಳಲಿಲ್ಲ. ಫೋಟೊ ತೆಗೆಯುತ್ತಿದ್ದವನಿಗೆ ನಿಲ್ಲಿಸು ಎಂದು ಕೈ ಮಾಡಿದರು. ಖಾತೆ ಸಿಕ್ಕಿದ್ದ ಆರು ಜನರಲ್ಲಿ ಗುಡಿಬಂಡೆಯ ಹುಡುಗಿಯೊಬ್ಬಳು ತನ್ನ ಕಂಪ್ಯೂಟರಿನಲ್ಲೇ ಆ ಪುಟದ ಇತಿಹಾಸಕ್ಕೆ ಹೋಗಿ, ನನಗಿಂತ ಹಿಂದಿನ ಆವೃತ್ತಿಗೆ ಮರಳಿಸಿ, "ಸರ್, ಒಮ್ಮೆ ರಿಫ್ರೆಶ್ ಮಾಡಿ" ಎಂದು ಮೆಲ್ಲಗೆ ಹೇಳಿದಳು. ಅದೊಂದು ಗುಂಡಿ ಇರುವುದು ಅವಳಿಗೆ ಅರ್ಧ ಗಂಟೆಯಲ್ಲಿ ಗೊತ್ತಾಗಿತ್ತು. ನನಗೆ ಮೂರು ದಿನದಲ್ಲಿ ಗೊತ್ತಾಗಿರಲಿಲ್ಲ.

ಇಷ್ಟಾದ ಮೇಲಾದರೂ ಬುದ್ಧಿ ಬಂತು ಎಂದುಕೊಳ್ಳಬೇಡಿ. ಸಂಜೆ ಕುಳಿತು ಸಹಾಯ ಕೇಳುವುದು ಎಲ್ಲಿ ಎಂದು ಹುಡುಕಿದೆ. ಕನ್ನಡ ವಿಕಿಪೀಡಿಯದಲ್ಲಿ ಎಲ್ಲರೂ ಸೇರಿ ಮಾತಾಡುವ ಪುಟಕ್ಕೆ 'ಅರಳಿ ಕಟ್ಟೆ' ಎಂದು ಹೆಸರು. ಯಾರಿಟ್ಟರೋ, ಚಂದದ ಹೆಸರು. ನಮ್ಮೂರ ಅರಳಿ ಕಟ್ಟೆಗೆ ಯಾರೂ ಟಪಾಲಿನಲ್ಲಿ ಅರ್ಜಿ ಕಳಿಸುವುದಿಲ್ಲ. ನಾನು ಕಳಿಸಿದೆ. "ಮಾನ್ಯರೇ, ವಿಷಯ: ನನ್ನ ತಿದ್ದುಪಡಿಯನ್ನು ರದ್ದುಪಡಿಸಿರುವ ಬಗ್ಗೆ. ಉಲ್ಲೇಖ: ದಿನಾಂಕ 13ರ ನನ್ನ ತಿದ್ದುಪಡಿ. ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ..." ಎಂದು ಆರಂಭಿಸಿ ಮೂರು ಪ್ಯಾರಾ. ನನ್ನ ಸೇವಾ ಹಿರಿತನ ಅದರಲ್ಲಿತ್ತು, ಸಂಬಂಧಪಟ್ಟ ಸಿಬ್ಬಂದಿಯ ಮೇಲೆ ಕ್ರಮ ಕೈಗೊಳ್ಳುವ ಕೋರಿಕೆ ಇತ್ತು. ಪುಟದ ಹೆಸರು ಇರಲಿಲ್ಲ. ಸಹಿಯೂ ಇರಲಿಲ್ಲ, ಏಕೆಂದರೆ ಅಲ್ಲಿ ಸಹಿ ಎಂದರೆ ನಾಲ್ಕು ಟಿಲ್ಡೆ (~) ಚಿಹ್ನೆಗಳು; ಅವನ್ನು ಹಾಕಿದರೆ ಹೆಸರೂ ಸಮಯವೂ ತಾವಾಗಿಯೇ ಮೂಡುತ್ತವೆ.

ಮಾರನೆಯ ದಿನ ಸಂಜೆಯವರೆಗೂ ಉತ್ತರವಿಲ್ಲ. ನಾನು ಗಂಟೆಗೊಮ್ಮೆ ನೋಡಿ ಗೊಣಗುತ್ತಿದ್ದೆ. ರಾತ್ರಿ ಒಂಬತ್ತೂವರೆಗೆ ಒಬ್ಬರು ಬರೆದರು. ನಮಸ್ಕಾರ, ಇಲ್ಲಿ ಸಿಬ್ಬಂದಿ ಯಾರೂ ಇಲ್ಲ, ಎಲ್ಲರೂ ನಮ್ಮ ನಮ್ಮ ಕೆಲಸ ಮುಗಿಸಿಕೊಂಡು ಬರುವವರು. ಯಾವ ಪುಟ? ಯಾವ ಬದಲಾವಣೆ? ಯಾವ ಆಕರ?

ಯಾರು ಬರೆದದ್ದು, ಶೀರ್ಷಿಕೆ ಏನು, ಕಾಲ್ ನಂಬರ್ ಎಲ್ಲಿ. ನನ್ನದೇ ಕೌಂಟರಿನ ಆಚೆ ಬದಿಯಲ್ಲಿ ನಾನೇ ಕೈ ಊರಿ ನಿಂತಿದ್ದೆ.

ಎರಡನೆಯ ಸಲ ಆರು ಸಾಲು ಬರೆದೆ. ಪುಟದ ಹೆಸರು, ಬದಲಿಸಿದ ವಾಕ್ಯ, ಇತಿಹಾಸದ ಪಟ್ಟಿಯಿಂದ ಆ ಬದಲಾವಣೆಯ ಕೊಂಡಿ, ಅಂಚೆಚೀಟಿಯ ಸಂಗತಿ, ಲೇಖನದೊಳಗೇ ಜಗಳ ಬರೆದದ್ದಕ್ಕೆ ಕ್ಷಮೆ, ನಾಲ್ಕು ಟಿಲ್ಡೆ. ಅದಕ್ಕೆ ಸಿಕ್ಕ ಉತ್ತರ, ನಾನು ಕಾಲೇಜಿನಲ್ಲಿ ಕೇಳಿದ ಎಷ್ಟೋ ಓರಿಯೆಂಟೇಶನ್ ಭಾಷಣಗಳಿಗಿಂತ ಮೇಲು. ಹುಟ್ಟಿದ ವರ್ಷ 1860 ಎನ್ನುವವರೂ ಇದ್ದಾರೆ, 1861 ಎನ್ನುವವರೂ ಇದ್ದಾರೆ. ಚೀಟಿ ಹೇಳುವುದು ಚೀಟಿ ಬಿಡುಗಡೆಯಾದ ದಿನವನ್ನು, ಅದರಿಂದ ನೂರು ಕಳೆದದ್ದು ನೀವು. ನಿಮ್ಮ ಲೆಕ್ಕ ಸರಿಯಿದ್ದರೂ ವಿಕಿಯಲ್ಲಿ ಅದು ಸ್ವಂತ ಸಂಶೋಧನೆಯಾಗುತ್ತದೆ, ಅದಕ್ಕೆ ಅಲ್ಲಿ ಜಾಗವಿಲ್ಲ. ವರ್ಷವನ್ನು ನೇರವಾಗಿ ಹೇಳುವ ಪುಸ್ತಕವನ್ನು ಪುಟ ಸಂಖ್ಯೆ ಸಹಿತ ಚರ್ಚೆ ಪುಟದಲ್ಲಿ ಇಡಿ, ನೀವು ಗ್ರಂಥಾಲಯದಲ್ಲೇ ಇದ್ದೀರಲ್ಲ. ಕೊನೆಯ ಮಾತು ಚುಚ್ಚಿದ್ದೋ ಹೊಗಳಿದ್ದೋ ಈಗಲೂ ಗೊತ್ತಿಲ್ಲ. (ವಿಶ್ವೇಶ್ವರಯ್ಯನವರು 1962ರ ಏಪ್ರಿಲ್‌ನಲ್ಲಿ ತೀರಿಕೊಂಡರು. ಯಾವ ವರ್ಷ ಹಿಡಿದರೂ ನೂರು ದಾಟಿದೆ. ಇದಕ್ಕಾಗಿ ನಾನು ಊಟ ಬಿಟ್ಟು ಜಗಳವಾಡಿದೆ.)

ಕಾರ್ಯಾಗಾರದ ವಿಷಯವನ್ನೂ ಅಲ್ಲೇ ಕೇಳಿದೆ. ಹೀಗೆ ಒಂದೇ ಕಡೆ ಕುಳಿತು ಹತ್ತಾರು ಜನ ಖಾತೆ ತೆರೆಯುವುದಿದ್ದರೆ, ಐಪಿ ವಿಳಾಸ, ದಿನಾಂಕ, ಜನರ ಸಂಖ್ಯೆ ತಿಳಿಸಿ ಆ ಮಿತಿಯನ್ನು ಆ ದಿನದ ಮಟ್ಟಿಗೆ ಸಡಿಲಿಸಲು ಮುಂಚೆಯೇ ಕೋರಬಹುದು. ರೌಟರ್ ಆರಿಸಿ ಹಾಕುವುದರಿಂದ ಆಗುವ ಕೆಲಸವಲ್ಲ. ಅಥವಾ ಮಕ್ಕಳಿಗೆ ಹಿಂದಿನ ವಾರವೇ ಮನೆಯಲ್ಲಿ ಖಾತೆ ತೆರೆದು ಬರಲು ಹೇಳಿದರೆ ಮುಗಿಯಿತು. ನವೆಂಬರಿನಲ್ಲಿ ಹಾಗೆಯೇ ಮಾಡಿದೆವು. ಆ ಸಲ ಸಮಸ್ಯೆಯಾದದ್ದು ಕರೆಂಟು.

ನವೆಂಬರಿನ ತಂಡ ಹುರುಪಿನಲ್ಲಿ ನಮ್ಮ ಸುತ್ತಲಿನ ಊರುಗಳ ಪುಟಗಳಲ್ಲಿ 'ಕೋಲಾರ ಜಿಲ್ಲೆ' ಎಂದು ಕಂಡ ಕಡೆಯೆಲ್ಲ 'ಚಿಕ್ಕಬಳ್ಳಾಪುರ ಜಿಲ್ಲೆ' ಎಂದು ತಿದ್ದಲು ಹೊರಟಿತ್ತು. ಜಿಲ್ಲೆ ಬೇರೆಯಾದದ್ದು 2007ರಲ್ಲಿ. ಅದಕ್ಕೂ ಮೊದಲಿನ ಘಟನೆಗಳಲ್ಲೂ, ಹಳೆಯ ಪುಸ್ತಕಗಳ ಶೀರ್ಷಿಕೆಗಳಲ್ಲೂ ಕೋಲಾರವನ್ನು ಕಿತ್ತರೆ ಹೇಗೆ? ತಡೆದೆ. ಮೊದಲು ಕೇಳಿ ಎಂದೆ.

ಕೇಳಿದವನು ಆ ಗೌರಿಬಿದನೂರಿನ ಹುಡುಗ. ನನ್ನನ್ನಲ್ಲ, ಅರಳಿ ಕಟ್ಟೆಯನ್ನು. 1938ರ ಏಪ್ರಿಲ್ 25ರಂದು ವಿದುರಾಶ್ವತ್ಥದಲ್ಲಿ ಗೋಲಿಬಾರಿನಲ್ಲಿ ಸತ್ತವರ ಸಂಖ್ಯೆ ಒಂದೊಂದು ಪುಸ್ತಕದಲ್ಲಿ ಒಂದೊಂದು ರೀತಿ ಇದೆ, ಯಾವುದನ್ನು ಹಾಕಲಿ ಎಂದು. ಪುಟದ ಹೆಸರು, ಎರಡು ಪುಸ್ತಕಗಳ ಲೇಖಕರು, ಪುಟ ಸಂಖ್ಯೆ, ಸಹಿ. ಎಲ್ಲವನ್ನೂ ಆಕರದೊಂದಿಗೆ ಬರೆಯಿರಿ, ಯಾವುದು ಸರಿ ಎಂದು ನೀವು ತೀರ್ಪು ಕೊಡಬೇಡಿ ಎಂದು ಎರಡೇ ಗಂಟೆಯಲ್ಲಿ ಉತ್ತರ ಬಂತು. ಆ ಎರಡು ಪುಸ್ತಕಗಳಲ್ಲಿ ಒಂದರ ರಟ್ಟು ನೀಲಿ.

ಈಗ ಐಕ್ಯೂಎಸಿಯ ಎಕ್ಸೆಲ್ ಹಾಳೆಯಲ್ಲಿ ನಮ್ಮ ವಿಕಿ ಚಟುವಟಿಕೆಗೆ ಒಂದು ಸಾಲು ಇದೆ. 'ಫಲಿತಾಂಶ' ಎಂಬ ಅಂಕಣದಲ್ಲಿ ಸಂಪಾದನೆಗಳ ಸಂಖ್ಯೆ ತುಂಬಬೇಕಂತೆ. ನನ್ನ ಮೂರು ಸಲದ 1860ನ್ನೂ ಸೇರಿಸಲೇ ಎಂದು ಕೇಳಿದೆ, ಸೇರಿಸಿ ಎಂದರು.

ಪ್ರಾಂಶುಪಾಲರಿಗೆ ಮಾತ್ರ ಒಂದೇ ಚಿಂತೆ. ಪುಟದ ಇತಿಹಾಸದಲ್ಲಿ ಆ ಹಳೆಯ ಆವೃತ್ತಿ ಕಾಲೇಜಿನ ಹೆಸರಿನ ಸಮೇತ ಹಾಗೆಯೇ ಉಳಿದಿದೆ, ಯಾರು ಬೇಕಾದರೂ ತೆರೆದು ಓದಬಹುದು. ನ್ಯಾಕ್‌ನ ಪರಿಶೀಲಕರ ಪಿಯರ್ ಟೀಮ್ ಬರುವುದರೊಳಗೆ ತೆಗೆಸಿ ಎಂದು ಮೆಮೊ ಕಳಿಸಿದರು. ಅರಳಿ ಕಟ್ಟೆಯಲ್ಲಿ ಕೇಳಿದೆ, ಈ ಸಲ ಕೊಂಡಿ ಸಹಿತ, ಸಹಿ ಸಹಿತ. ಕೃತಿಸ್ವಾಮ್ಯ ಮುರಿದಿದ್ದರೆ, ಯಾರದೋ ಖಾಸಗಿ ವಿವರ ಬಯಲಾಗಿದ್ದರೆ, ಅಥವಾ ತೀರಾ ಹೊಲಸು ನಿಂದನೆಯಿದ್ದರೆ ಮಾತ್ರ ನಿರ್ವಾಹಕರು ಹಳೆಯ ಆವೃತ್ತಿಯನ್ನು ಮರೆಮಾಡುತ್ತಾರೆ, ನಿಮ್ಮದು ಬರೀ ಕೋಪ ಎಂದು ಉತ್ತರ ಬಂತು. ಅದನ್ನು ಹಾಗೆಯೇ ಮುದ್ರಿಸಿ ಮೆಮೊದ ಹಿಂದೆ ಪಿನ್ ಮಾಡಿ ಕಳಿಸಿದ್ದೇನೆ.