ಲಾರ್ನಕಾದಲ್ಲಿ ನಮ್ಮೂರ ಹೆಸರು

ಅಪ್ಪನ ಕಪ್ಪು ಟ್ರಂಕು ಈಗ ಸೈಪ್ರಸ್‌ನಲ್ಲಿ, ನಮ್ಮ ಮಲಗುವ ಕೋಣೆಯಲ್ಲಿದೆ. ಮುಚ್ಚಳದ ಮೇಲೆ ಬಿಳಿ ಬಣ್ಣದಲ್ಲಿ ಅವರ ಹೆಸರು, ಮುಂದೆ ಮೇಜರ್ ಜನರಲ್ ಅಂತ. ಓರೆಯಾಗಿ ನೋಡಿದರೆ ಆ ಅಕ್ಷರಗಳ ಅಡಿಯಲ್ಲಿ ಬ್ರಿಗೇಡಿಯರ್ ಕಾಣುತ್ತದೆ, ಅದರ ಅಡಿಯಲ್ಲಿ ಕರ್ನಲ್. ಪ್ರತಿ ಬಡ್ತಿಗೂ ಕಪ್ಪು ಬಳಿದು ಮತ್ತೆ ಬರೆಸಿದ್ದು. ಪಠಾಣ್‌ಕೋಟ್, ಮಹು, ಸಿಕಂದರಾಬಾದ್ ಅಂತ ಟ್ರಂಕು ಹೋದಲ್ಲೆಲ್ಲ ನಾನೂ ಹೋದೆ, ಏಳು ಶಾಲೆ ಬದಲಾಯಿಸಿದೆ. ಆಮೇಲೆ ವಿದೇಶಾಂಗ ಸೇವೆಯವರ ಜೊತೆ ಮದುವೆಯಾಯಿತು. "ಊರೂರು ಸುತ್ತೋದು ನಿಂಗೇನು ಹೊಸದಲ್ಲ ಅಲ್ವಾ?" ಅಂದರು ಎಲ್ಲರೂ. ಹೊಸದಲ್ಲ, ನಿಜ. ಆದರೂ ಪ್ರತಿ ಸಲ ಗೋಡೆಯ ಮೊಳೆ ಕೀಳುವಾಗ ಹೊಟ್ಟೆಯಲ್ಲಿ ಏನೋ ಸಂಕಟ.

ಸೈನ್ಯದಲ್ಲಿ ಒಂದು ಅನುಕೂಲ ಇತ್ತು. ಯಾವ ಊರಿಗೆ ಹೋದರೂ ಕಂಟೋನ್ಮೆಂಟ್ ಒಂದೇ ಥರ, ಅದೇ ಮೆಸ್ಸು, ಅದೇ ಸುಣ್ಣ ಹೊಡೆದ ಕಲ್ಲುಗಳು. ವಿದೇಶಾಂಗ ಸೇವೆಯಲ್ಲಿ ಹಾಗಲ್ಲ, ಮೂರು ವರ್ಷಕ್ಕೊಮ್ಮೆ ಬಸ್ಸಿನ ಬೋರ್ಡು ಓದೋದನ್ನೂ ಹೊಸದಾಗಿ ಕಲಿಯಬೇಕು. ರಾತ್ರಿ ಹೊತ್ತಲ್ಲದ ಹೊತ್ತಲ್ಲಿ ಫೋನ್ ಬಂದರೆ ಎದೆ ಧಸಕ್ ಅನ್ನುತ್ತದೆ. ಅಪ್ಪನಿಗೆ ಎಂಬತ್ತು ದಾಟಿದೆ, ಮಡಿಕೇರಿ ಹತ್ತಿರದ ತೋಟದ ಮನೆಯಲ್ಲಿ ಒಬ್ಬರೇ.

ಸೆಪ್ಟೆಂಬರ್ 3 ನಮ್ಮ ಕೊಡವರ ಕೈಲ್ ಪೊಳ್ದ್. ಆಯುಧಗಳ ಹಬ್ಬ. ಆ ಬೆಳಿಗ್ಗೆ ಇಲ್ಲಿನ ರಾಜಧಾನಿ ನಿಕೋಸಿಯಾದಲ್ಲಿ ಏಳು ಗಂಟೆಗೇ ಬಿಸಿಲು ಉರಿಯುತ್ತಿತ್ತು. ಟ್ರಂಕಿನಲ್ಲಿ ಬಟ್ಟೆ ಸುತ್ತಿಟ್ಟಿದ್ದ ಕಾಚಂಪುಳಿ, ಅಂದರೆ ಕೊಡಗಿನ ಕಪ್ಪು ಹುಳಿಯ ಬಾಟಲಿ ತೆಗೆದೆ, ಎರಡೇ ಚಮಚ ಉಳಿದಿತ್ತು. ಹಂದಿಮಾಂಸಕ್ಕೆ ಇಲ್ಲಿ ಕೊರತೆ ಇಲ್ಲ. ಇಲ್ಲಿನವರು ಅದನ್ನು ಕೆಂಪು ವೈನು, ಕೊತ್ತಂಬರಿ ಬೀಜ ಹಾಕಿ ಬೇಯಿಸುತ್ತಾರೆ, ಅದಕ್ಕೆ ಅಫೇಲಿಯಾ ಅನ್ನುತ್ತಾರೆ. ನಾನು ಪಂದಿ ಕರಿ ಮಾಡಿದೆ, ಅಕ್ಕಿ ತರಿಯ ಕಡಂಬುಟ್ಟು ಉಂಡೆ ಕಟ್ಟಿದೆ. ಅಷ್ಟರಲ್ಲಿ ಅಪ್ಪ ಫೋಟೋ ಕಳಿಸಿದ್ದರು. ನಡುಮನೆಯಲ್ಲಿ ದೀಪ, ಪಕ್ಕದಲ್ಲಿ ಕೋವಿ, ನಳಿಗೆಯ ತುದಿಗೆ ಸಿಕ್ಕಿಸಿದ ತೋಕ್ ಪೂ, ನಮ್ಮ ಕೋವಿ ಹೂವು. ಫೋಟೋ ಸ್ವಲ್ಪ ಅಲುಗಾಡಿತ್ತು. ಅಪ್ಪನ ಕೈ ಈಚೆಗೆ ನಡುಗುತ್ತದೆ.

ಅದನ್ನು ನೋಡಿದ ಮೇಲೆ ಮನೆಯಲ್ಲಿ ಕೂರಲು ಆಗಲಿಲ್ಲ. ಇವರು ಆಫೀಸಿಗೆ ಹೋಗಿದ್ದರು. ಕಾರು ತೆಗೆದು ಲಾರ್ನಕಾಗೆ ಹೊರಟೆ, ಮುಕ್ಕಾಲು ಗಂಟೆ ದಾರಿ. ಅಲ್ಲಿನ ಉಪ್ಪಿನ ಕೆರೆ ಬೇಸಿಗೆಗೆ ಬತ್ತಿ ಬೆಳ್ಳಗೆ ಹೊಳೆಯುತ್ತಿತ್ತು. ನನಗೆ ಬೇಕಿದ್ದದ್ದು ಕೆರೆ ಅಲ್ಲ, ಒಂದು ರಸ್ತೆ.

ಜನರಲ್ ತಿಮ್ಮಯ್ಯನವರ ಹೆಸರಿನ ರಸ್ತೆ. ನಮ್ಮ ಮಡಿಕೇರಿಯವರು. ಸೇನಾ ಮುಖ್ಯಸ್ಥರಾಗಿ 1961ರಲ್ಲಿ ನಿವೃತ್ತರಾದ ಮೇಲೆ, ಗ್ರೀಕ್ ಮತ್ತು ತುರ್ಕಿ ಸೈಪ್ರಿಯಟ್ಟರು ಬಡಿದಾಡುತ್ತಿದ್ದ ಕಾಲದಲ್ಲಿ, 1964ರಲ್ಲಿ ವಿಶ್ವಸಂಸ್ಥೆಯ ಶಾಂತಿಪಡೆ ನಡೆಸಲು ಇಲ್ಲಿಗೆ ಬಂದರು. 1965ರ ಡಿಸೆಂಬರ್ 18ರಂದು ಹೃದಯಾಘಾತವಾಗಿ ಇಲ್ಲೇ ತೀರಿಕೊಂಡರು. ಮರುವರ್ಷ ಸೈಪ್ರಸ್ ಅವರ ಅಂಚೆಚೀಟಿ ತಂದಿತು. ಊರಿಂದ ಇಷ್ಟು ದೂರದಲ್ಲಿ, ತಮ್ಮದಲ್ಲದ ಜಗಳ ಬಿಡಿಸುತ್ತಾ ಹೋದ ಜೀವ ಅದು. ನನಗೆ ಇದು ಬಹಳ ದೊಡ್ಡದು ಅನಿಸುತ್ತದೆ.

ಬೋರ್ಡಿನ ಮೇಲೆ ಗ್ರೀಕ್ ಅಕ್ಷರ. ಒಂದೊಂದಾಗಿ ಕೂಡಿಸಿ ಓದಿದೆ: ಸ್ತ್ರಾತಿಗೂ ತಿಮಾಯಾ, ಅಂದರೆ ಜನರಲ್ ತಿಮ್ಮಯ್ಯನವರ. ಕಣ್ಣು ತುಂಬಿ ಬಂತು. ಅಲ್ಲೇ ನಿಂತು ಅಪ್ಪನಿಗೆ ಫೋನ್ ಮಾಡಿದೆ.

"ಎಲ್ಲಿದ್ದೀಯ ಕುಂಞಿ?"

ಹೇಳಿದೆ. ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ ಅವರೇ ಶುರುಮಾಡಿದರು. ಆ ಡಿಸೆಂಬರ್‌ನಲ್ಲಿ ಅಪ್ಪ ಹೊಸ ಲೆಫ್ಟಿನೆಂಟ್, ಪಂಜಾಬಿನ ಗಡಿಯಲ್ಲಿದ್ದರಂತೆ, ಪಾಕಿಸ್ತಾನದ ಜೊತೆಗಿನ ಯುದ್ಧ ನಿಂತು ಮೂರು ತಿಂಗಳೂ ಆಗಿರಲಿಲ್ಲ. ರೇಡಿಯೋದಲ್ಲಿ ಸುದ್ದಿ ಕೇಳಿ ಟೆಂಟಿನಿಂದ ಹೊರಗೆ ಬಂದು ಚಳಿಯಲ್ಲಿ ಸುಮ್ನೆ ನಿಂತುಬಿಟ್ಟರಂತೆ. ಇಷ್ಟು ವರ್ಷದಲ್ಲಿ ಇದನ್ನು ನನಗೆ ಹೇಳಿರಲೇ ಇಲ್ಲ.

"ಬೋರ್ಡು ಹೇಗಿದೆ? ತುಕ್ಕು ಹಿಡಿದಿದೆಯಾ?"

"ಇಲ್ಲ ಅಪ್ಪ. ಧೂಳು ಕೂತಿದೆ ಅಷ್ಟೆ."

"ಒರೆಸು."

ಕಾರಿನಿಂದ ನೀರಿನ ಬಾಟಲಿ ತಂದು ಕರವಸ್ತ್ರ ಒದ್ದೆ ಮಾಡಿದೆ. ತಗಡು ಕೈ ಸುಡುವಷ್ಟು ಕಾದಿತ್ತು. ಒಂದೊಂದೇ ಅಕ್ಷರ ಒರೆಸಿದೆ, ಅಪ್ಪ ಫೋನ್ ಇಡದೆ ಕಾಯುತ್ತಿದ್ದರು.