ಒಳ್ಳೆ ಐಡಿಯಾ ಆದ್ರೆ ತಾನಾಗೇ ಹರಡಲ್ವಾ?

ಭಾಷೆ, ಕಲ್ಚರ್ ಅಂತ ನಾನು ಬಾಯಿ ತೆಗೆದ್ರೆ ಸಾಕು, ಯಾರಾದ್ರೂ ಒಬ್ರು ಕೇಳೇ ಕೇಳ್ತಾರೆ, ಐಡಿಯಾ ಚೆನ್ನಾಗಿದ್ರೆ ತಾನಾಗೇ ಹರಡುತ್ತೆ, ಹರಡ್ಲಿಲ್ಲ ಅಂದ್ರೆ ಅದ್ರಲ್ಲೇ ಏನೋ ಐಬಿದೆ ಅಂತ ತಾನೆ? ನನ್ ಪ್ರಕಾರ ಅಲ್ಲ. ಹರಡೋದು ಐಡಿಯಾ ಅಲ್ಲವೇ ಅಲ್ಲ, ಕೇಳಿಸ್ಕೊಂಡೋರ ತಲೇಲಿ ಉಳಿದಿದ್ದು.

1976ರಲ್ಲಿ ರಿಚರ್ಡ್ ಡಾಕಿನ್ಸ್ ಅನ್ನೋ ಜೀವವಿಜ್ಞಾನಿ ಜೀನ್ ಥರ ವಿಚಾರಗಳೂ ತಲೆಯಿಂದ ತಲೆಗೆ ಕಾಪಿ ಆಗ್ತವೆ ಅಂತ ಹೇಳಿ ಅದಕ್ಕೆ ಮೀಮ್ ಅಂತ ಹೆಸರಿಟ್ರು. ಈಗ ಮೀಮ್ ಅಂದ್ರೆ ನಗಿಸೋ ಫೋಟೋ, ಅಂದ್ರೆ ಆ ಪದಾನೇ ಸರಿಯಾಗಿ ಕಾಪಿ ಆಗ್ಲಿಲ್ಲ ನೋಡಿ.

ಸ್ಕರ್ವಿ ಅನ್ನೋ ರೋಗದ ಕಥೆ ತಗೊಳ್ಳಿ. ತಿಂಗಳುಗಟ್ಲೆ ಸಮುದ್ರದಲ್ಲಿರೋ ನಾವಿಕರಿಗೆ ವಸಡಲ್ಲಿ ರಕ್ತ ಬಂದು, ಹಲ್ಲು ಅಲ್ಲಾಡಿ, ಕೊನೆಗೆ ಜೀವಾನೇ ಹೋಗ್ತಿತ್ತು. 1747ರಲ್ಲಿ ಜೇಮ್ಸ್ ಲಿಂಡ್ ಅನ್ನೋ ಹಡಗಿನ ಡಾಕ್ಟ್ರು 12 ರೋಗಿಗಳನ್ನ ಆರು ಜೋಡಿ ಮಾಡಿ ಒಂದೊಂದು ಜೋಡಿಗೆ ಒಂದೊಂದು ಮದ್ದು ಕೊಟ್ಟು ನೋಡಿದ್ರು, ಕಿತ್ತಳೆ ನಿಂಬೆ ತಿಂದ ಇಬ್ರು ಎಲ್ಲರಿಗಿಂತ ಬೇಗ ಚೇತರಿಸ್ಕೊಂಡ್ರು. ಅಷ್ಟು ಸ್ಪಷ್ಟ ಇದ್ರೂ ಬ್ರಿಟಿಷ್ ನೌಕಾಪಡೆ ನಿಂಬೆರಸ ಕೊಡೋಕೆ ಒಪ್ಪಿದ್ದು 1795ರಲ್ಲಿ, 48 ವರ್ಷ ಆದ್ಮೇಲೆ! (ಲಿಂಡ್ ಅವರದ್ದೂ ತಪ್ಪಿದೆ, ರಸಾನ ಬಿಸಿ ಮಾಡಿ ಗಟ್ಟಿ ಮಾಡಿ ಇಟ್ಕೊಳ್ಳಿ ಅಂದ್ರು, ಹಾಗೆ ಮಾಡಿದ್ರೆ ಅದರ ಸತ್ವಾನೇ ಹೋಗುತ್ತೆ.)

ಮಜಾ ಇರೋದು ಆಮೇಲೆ. ರೋಗ ನಿಂತೋಯ್ತು, ಆದ್ರೆ ಜನರ ತಲೇಲಿ ಉಳಿದಿದ್ದು "ಹುಳಿ ಕುಡಿದ್ರೆ ಸ್ಕರ್ವಿ ಬರಲ್ಲ" ಅನ್ನೋದು ಮಾತ್ರ. ಹೇಳೋಕೆ ಸುಲಭ, ನೆನಪಿಡೋಕೂ ಸುಲಭ. ಹಾಗಾಗಿ 1860ರ ಹೊತ್ತಿಗೆ ದೊಡ್ಡ ಹಳದಿ ನಿಂಬೆ ಬಿಟ್ಟು ಚಿಕ್ಕ ಹಸಿರು ನಿಂಬೆಗೆ ಬದಲಾಯಿಸಿದಾಗ ಯಾರೂ ತಲೆ ಕೆಡಿಸ್ಕೊಳ್ಳಲಿಲ್ಲ, ಹುಳಿ ಇದೆಯಲ್ಲ! ಸ್ಕರ್ವಿ ತಡೆಯೋದು ಹುಳಿ ಅಲ್ಲ, ವಿಟಮಿನ್ ಸಿ, ಹಸಿರು ನಿಂಬೇಲಿ ಅದು ತುಂಬಾ ಕಮ್ಮಿ, ಆದ್ರೆ ವಿಟಮಿನ್ ಅನ್ನೋ ಪದಾನೇ ಆಗ ಹುಟ್ಟಿರಲಿಲ್ಲ. ಅಷ್ಟೊತ್ತಿಗೆ ಸ್ಟೀಮ್ ಹಡಗು ಬಂದು ಪ್ರಯಾಣ ಚಿಕ್ಕದಾಗಿತ್ತು, ಹಾಗಾಗಿ ಈ ರಸ ಕೆಲಸ ಮಾಡಲ್ಲ ಅಂತ ಗೊತ್ತಾಗೋ ಪ್ರಸಂಗಾನೇ ಬರ್ಲಿಲ್ಲ. 1875ರಲ್ಲಿ ಆರ್ಕ್ಟಿಕ್‌ಗೆ ಹೊರಟ ಬ್ರಿಟಿಷ್ ತಂಡಕ್ಕೆ ರಸ ಕುಡಿದ್ರೂ ಸ್ಕರ್ವಿ ಬಂತು.

ಆಗ ರಸ ಬದಲಾಗಿದೆ ಅಂತ ಯೋಚಿಸೋದು ಬಿಟ್ಟು, ನಿಂಬೆ ಕಥೆನೇ ಸುಳ್ಳಿರಬೇಕು, ಕೆಟ್ಟೋದ ಡಬ್ಬಿ ಮಾಂಸದಿಂದ ಬರುತ್ತೆ ಇದು ಅನ್ನೋ ಹೊಸ ಥಿಯರಿ ಹುಟ್ಟಿತು, ಓದಿರೋ ಡಾಕ್ಟರ್‌ಗಳೇ ನಂಬಿದ್ರು. ನಿಜ ಗೊತ್ತಿದ್ದ ಕಡೆಯಿಂದಾನೇ ನಿಜ ಮಾಯ! 1907ರಲ್ಲಿ ನಾರ್ವೆಯ ಇಬ್ರು ವಿಜ್ಞಾನಿಗಳು ಬೇರೆ ರೋಗದ ಕಾರಣ ಹುಡುಕ್ತಾ ಗಿನಿ ಪಿಗ್‌ಗಳಿಗೆ ಬರೀ ಧಾನ್ಯ ತಿನ್ನಿಸಿದಾಗ ಅವಕ್ಕೆ ಸ್ಕರ್ವಿ ಬಂತು, ಅಲ್ಲಿಂದ ಸ್ಕರ್ವಿಯ ನಿಜ ಕಾರಣ ಹುಡುಕೋದು ಮತ್ತೆ ಮೊದಲಿಂದ ಶುರು.