ಉಂಡ ಮನೆಯ ಜಂತೆ ಎಣಿಸಿದ ಪಾದ್ರಿ

ಇನ್ನೂರು ವರ್ಷ ಹಿಂದೆ ಇಂಗ್ಲೆಂಡಿನ ಚರ್ಚ್ ಸುಧಾರಣೆ ಬಗ್ಗೆ ಬಂದ ಬರಹಗಳನ್ನು ನಾನು ಓದುತ್ತೇನೆ ಅಂತ ಗೊತ್ತಾದವರು ಒಂದೇ ಪ್ರಶ್ನೆ ಕೇಳುತ್ತಾರೆ. "ಅದನ್ನು ಬರೆದವರಲ್ಲಿ ಎಷ್ಟೋ ಜನ ಪಾದ್ರಿಗಳೇ ಅಲ್ವಾ? ಚರ್ಚಿನ ಅನ್ನ ಉಂಡವರು ನ್ಯಾಯದ ಮಾತಾಡಿದರೆ ಎಷ್ಟು ನಂಬೋದು?"

ನಂಬಬಹುದು. ಆದರೆ ಯಾರ ಪರವಾಗಿ ಬರೆಯುತ್ತಿದ್ದಾರೆ ಅಂತ ಪ್ರತಿ ಸಲವೂ ನೋಡಿಕೊಂಡು ನಂಬಬೇಕು. ಇದನ್ನು ನನಗೆ ಕಲಿಸಿದವರು ಸಿಡ್ನಿ ಸ್ಮಿತ್. 1771ರಲ್ಲಿ ಹುಟ್ಟಿದ ಪಾದ್ರಿ. 1802ರಲ್ಲಿ ಗೆಳೆಯರ ಜೊತೆ ಸೇರಿ ಎಡಿನ್‌ಬರೋ ರಿವ್ಯೂ ಪತ್ರಿಕೆ ಶುರು ಮಾಡಿದವರು.

ಅವರಿಗೆ ಯಾರ್ಕ್‌ಶೈರಿನ ಫಾಸ್ಟನ್ ಅನ್ನುವ ಹಳ್ಳಿಯ ಚರ್ಚ್ ಸಿಕ್ಕಿತು. ಅಲ್ಲಿ ಸುಮಾರು 150 ವರ್ಷದಿಂದ ಯಾವ ಪಾದ್ರಿಯೂ ವಾಸವಿರಲಿಲ್ಲ! ವರಮಾನ ಮಾತ್ರ ತಪ್ಪದೆ ಪಾದ್ರಿಗೆ ಹೋಗುತ್ತಿತ್ತು. ಆಗಿನ ಚರ್ಚಿನ ದೊಡ್ಡ ರೋಗವೇ ಇದು. ರೈತ ತನ್ನ ಬೆಳೆಯಲ್ಲಿ ಹತ್ತರಲ್ಲೊಂದು ಪಾಲು ಕೊಡುತ್ತಿದ್ದ. ಅದನ್ನು ತೆಗೆದುಕೊಳ್ಳುವವರು ಎಷ್ಟೋ ಕಡೆ ಊರಿನಲ್ಲೇ ಇರುತ್ತಿರಲಿಲ್ಲ. ಅವರ ಬದಲಿಗೆ ದುಡಿಯುವ ಕೈಕೆಳಗಿನ ಪಾದ್ರಿಗೆ ವರ್ಷಕ್ಕೆ ಸರಾಸರಿ 81 ಪೌಂಡ್. ಆ ಚರ್ಚಿನ ಅತಿ ದೊಡ್ಡ ಪಾದ್ರಿಯಾದ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ಪರಿಗೆ 19,000 ಪೌಂಡಿಗೂ ಜಾಸ್ತಿ. 1835ರ ಸರ್ಕಾರಿ ವರದಿಯಲ್ಲೇ ಈ ಲೆಕ್ಕ ಇದೆ.

ಸ್ಮಿತ್ ಕೂಡ ಮೊದಲ ಕೆಲವು ವರ್ಷ ಫಾಸ್ಟನ್‌ಗೆ ವಾಸಕ್ಕೆ ಹೋಗಲಿಲ್ಲ. ಆಮೇಲೆ ಅಲ್ಲಿ ಮನೆ ಕಟ್ಟಿಸಿ ಹೋದರು, ಜನರಿಗೆ ಔಷಧಿ ಕೊಟ್ಟರು, ಬಡವರಿಗೆ ತರಕಾರಿ ಬೆಳೆಯಲು ತುಂಡು ತುಂಡು ನೆಲ ಕೊಟ್ಟರು. ಮ್ಯಾಜಿಸ್ಟ್ರೇಟ್ ಕೂಡ ಆದರು.

ಆಗಿನ ಒಂದು ಕೋರ್ಟನ್ನು ಕಣ್ಣ ಮುಂದೆ ತಂದುಕೊಳ್ಳಿ. ಒಬ್ಬ ಕೂಲಿ ಕುರಿ ಕದ್ದ ಆರೋಪ ಹೊತ್ತು ಕಟಕಟೆಯಲ್ಲಿ ನಿಂತಿದ್ದಾನೆ. 1832ರವರೆಗೆ ಅದಕ್ಕೆ ಗಲ್ಲು ಶಿಕ್ಷೆ ಇತ್ತು. ಅವನ ವಕೀಲ ಸಾಕ್ಷಿಗಳನ್ನು ಪ್ರಶ್ನಿಸಬಹುದು. ಆದರೆ ಜ್ಯೂರಿ ಕಡೆ ತಿರುಗಿ, "ಇವನು ತಪ್ಪು ಮಾಡಿಲ್ಲ, ಯಾಕೆ ಅಂದರೆ..." ಅಂತ ವಾದಿಸುವ ಹಾಗಿಲ್ಲ. ನಿನ್ನ ಮಾತೇನು ಅಂತ ಕೇಳಿದರೆ ಎಷ್ಟೋ ಜನ, "ನಮ್ಮ ವಕೀಲರಿಗೇ ಬಿಟ್ಟಿದ್ದೀನಿ ಸ್ವಾಮಿ" ಅನ್ನುತ್ತಿದ್ದರು. ವಕೀಲನ ಬಾಯಿ ಕಟ್ಟಿತ್ತು. ಇಪ್ಪತ್ತು ಪೌಂಡ್ ಸಾಲದ ವ್ಯಾಜ್ಯದಲ್ಲಿ ಅದೇ ವಕೀಲ ಗಂಟೆಗಟ್ಟಲೆ ವಾದಿಸಬಹುದಿತ್ತು. ಪ್ರಾಣ ಹೋಗುವ ಕೇಸಿನಲ್ಲಿ ಇಲ್ಲ. ಇದನ್ನು ಮೊದಲ ಸಲ ಓದಿದಾಗ ನನಗೆ ಪುಸ್ತಕ ಮುಚ್ಚಿ ಸುಮ್ನೆ ಕೂರಬೇಕು ಅನ್ನಿಸಿತು.

1826ರಲ್ಲಿ ಸ್ಮಿತ್ ಇದರ ವಿರುದ್ಧ ತಮ್ಮ ಪತ್ರಿಕೆಯಲ್ಲಿ ಬರೆದರು. ಈ ಕಾನೂನು ಬದಲಾದರೆ ಅವರಿಗೆ ಕಾಸಿನ ಲಾಭವೂ ಇರಲಿಲ್ಲ. ಅದಕ್ಕೂ ಎರಡು ವರ್ಷ ಮೊದಲು ಯಾರ್ಕ್‌ನ ದೊಡ್ಡ ಚರ್ಚಿನಲ್ಲಿ, ಎದುರಿಗೆ ನ್ಯಾಯಾಧೀಶರನ್ನೇ ಕೂರಿಸಿಕೊಂಡು, ಕಾನೂನು ಮೀರಿ ಹೊಡೆಸುವ ನ್ಯಾಯಾಧೀಶನ ಬಗ್ಗೆ ಪ್ರವಚನ ಕೊಟ್ಟಿದ್ದರು.

ಇದೇ ಮನುಷ್ಯ 1837ರಲ್ಲಿ ಬೇರೆಯೇ ಧಾಟಿ ಹಿಡಿದರು. ಆಗ ಅವರು ಲಂಡನ್ನಿನ ಸೇಂಟ್ ಪಾಲ್ಸ್‌ನಲ್ಲಿ ಒಳ್ಳೆಯ ವರಮಾನದ ಹುದ್ದೆಯಲ್ಲಿದ್ದರು. ದೊಡ್ಡ ಚರ್ಚುಗಳ ಹಣ ತೆಗೆದು ಬಡ ಊರುಗಳ ಚರ್ಚುಗಳಿಗೆ ಕೊಡಲು ಚರ್ಚ್ ಸುಧಾರಣೆಯ ಸರ್ಕಾರಿ ಆಯೋಗ ಹೊರಟಾಗ ಸಾಲು ಸಾಲು ಪತ್ರ ಬರೆದು ವಿರೋಧಿಸಿದರು. ದೊಡ್ಡ ಹುದ್ದೆಗಳ ಆಸೆ ಇದ್ದರೇ ಒಳ್ಳೆಯ ಮನೆಯ ಹುಡುಗರು ಪಾದ್ರಿಗಳಾಗುತ್ತಾರೆ ಅನ್ನೋದು ಅವರ ವಾದ. ಆ 81 ಪೌಂಡಿನವನ ಮುಂದೆ ನಿಂತು ಈ ವಾದ ಓದಿ ನೋಡಿ. ನನಗಂತೂ ಒಪ್ಪಿಗೆ ಇಲ್ಲ.

ಇನ್ನೊಂದು ನೋವಿದೆ, ಅದು ನಮಗೆ ಹತ್ತಿರದ್ದು. 1809ರಲ್ಲಿ ಅವರು ಭಾರತಕ್ಕೆ ಬಂದ ಬ್ಯಾಪ್ಟಿಸ್ಟ್ ಪಂಗಡದ ಮಿಷನರಿಗಳನ್ನು, ಚಪ್ಪಲಿ ಹೊಲಿಯುವವರು ಅಂತ ಗೇಲಿ ಮಾಡಿದರು. ಅವರಲ್ಲೊಬ್ಬರಾದ ವಿಲಿಯಂ ಕೇರಿ ನಿಜವಾಗಿಯೂ ಆ ಕೆಲಸದಿಂದಲೇ ಬಂದವರು. ಅದೇ ಕೇರಿ 1817ರಲ್ಲಿ ಬಂಗಾಳದ ಶ್ರೀರಾಂಪುರದಲ್ಲಿ ಕನ್ನಡಕ್ಕೆ ಒಂದು ವ್ಯಾಕರಣ ಅಚ್ಚು ಹಾಕಿಸಿದರು.

ಇಷ್ಟೆಲ್ಲ ಗೊತ್ತಿದ್ದೂ ನಾನು ಸ್ಮಿತ್‌ರ 1826ರ ಲೇಖನಕ್ಕೆ ಮತ್ತೆ ಮತ್ತೆ ಹೋಗುತ್ತೇನೆ. ಅಲ್ಲಿ ಅವರು ತಮ್ಮ ತಟ್ಟೆ ಕಾಯುತ್ತಿಲ್ಲ. ಕಾನೂನು ಬದಲಾಗಲು ಮತ್ತೆ ಹತ್ತು ವರ್ಷ ಹಿಡಿಯಿತು. ಸಂಸತ್ತಿನಲ್ಲಿ ವಿಲಿಯಂ ಯೂವರ್ಟ್ ಹಠ ಹಿಡಿದು ಮಸೂದೆ ತಂದರು. 1836ರಿಂದ ಆರೋಪಿಗೆ ಸಾಕ್ಷಿಗಳ ಹೇಳಿಕೆಯ ನಕಲು ಪಡೆಯುವ ಹಕ್ಕು ಬಂತು. ಅವನ ವಕೀಲ ಎದ್ದು ನಿಂತು, ಜ್ಯೂರಿ ಕಡೆ ತಿರುಗಿ, ಅವನ ಪರವಾಗಿ ಬಾಯಿ ಬಿಡಬಹುದಾಯಿತು.